ಸ್ವಂತ ಸ್ಟುಡಿಯೋದಲ್ಲೂ ಪೋಷಕ ನಟ

ನಮ್ಮ ಚಿತ್ರರಂಗದ ಪದ್ಧತಿ ಸರಳ: ನಾಯಕನಿಗೆ ಬಿರುದು, ಪೋಷಕ ನಟನಿಗೆ ನಂಟಸ್ತಿಕೆ. ಒಬ್ಬರು ನಟಸಾರ್ವಭೌಮ, ಇನ್ನೊಬ್ಬರು ಸಾಹಸಸಿಂಹ, ಮತ್ತೊಬ್ಬರು ರೆಬೆಲ್ ಸ್ಟಾರ್. 500ಕ್ಕೂ ಹೆಚ್ಚು ಚಿತ್ರಗಳಲ್ಲಿ ದುಡಿದ ಟಿ.ಎನ್. ಬಾಲಕೃಷ್ಣ ಮಾತ್ರ ಬಾಲಣ್ಣ. ರಾಜಕುಮಾರ್ ಕೂಡ ಅಣ್ಣಾವ್ರೇ ಅಲ್ಲವೇ ಎಂದು ವಾದಕ್ಕೆ ಬರಬೇಡಿ. ಆ 'ಅವ್ರು' ಇದೆಯಲ್ಲ, ಅದರ ರೇಟೇ ಬೇರೆ. ಬರಿಯ ಅಣ್ಣ ಅಂದರೆ ಮನೆಯವನು. ಮನೆಯವನಿಗೆ ಯಾರಾದರೂ ಹಾರ ಹಾಕುತ್ತಾರೆಯೇ?

ಅರಸೀಕೆರೆ ಕಡೆಯ ಈ ಮನುಷ್ಯನಿಗೆ ಕಿವಿ ಕೇಳಿಸುತ್ತಿದ್ದದ್ದು ಅಷ್ಟಕ್ಕಷ್ಟೆ. ಎದುರಿಗಿದ್ದವರ ತುಟಿ ನೋಡಿಕೊಂಡೇ ತಮ್ಮ ಸರದಿ ಹಿಡಿಯುತ್ತಿದ್ದರು. ಮಾತು ಬಿದ್ದರೆ ತಕ್ಕಡಿಯಲ್ಲಿ ತೂಗಿದ ಹಾಗೆ. ಈಗಿನ ನಾಯಕರಿಗೆ ಎರಡೂ ಕಿವಿ ಭೇಷಾಗಿವೆ, ಪ್ರಾಂಪ್ಟಿಂಗ್ ಕೇಳಿಸಿಕೊಳ್ಳಬೇಕಲ್ಲ!

ಖಳ, ಕುತಂತ್ರಿ, ಕೋಡಂಗಿ, ಮಾವ, ಮುದುಕ, ಹೀಗೆ ಬಾಲಣ್ಣ ಏನಾಗಲಿಲ್ಲ? ಅವರು ಮನೆ ಮುರಿಯುವಾಗಲೂ ಜನ ನಗುತ್ತಿದ್ದರು. 1972ರ 'ಬಂಗಾರದ ಮನುಷ್ಯ' ನೋಡಿ ಪಟ್ಟಣ ಬಿಟ್ಟು ಹೊಲಕ್ಕಿಳಿದ ಹುಡುಗರ ಕಥೆಯನ್ನು ಇವತ್ತಿಗೂ ಹೇಳುತ್ತಾರೆ. ಎಲ್ಲರಿಗೂ ನಾಯಕ ರಾಜೀವನೇ ಆಗಬೇಕಿತ್ತು. ಬಾಲಣ್ಣನ ಪಾತ್ರ ರಾಚೂಟಪ್ಪ ಆಗುತ್ತೇನೆಂದು ಮನೆ ಬಿಟ್ಟ ಒಬ್ಬನ ಸುದ್ದಿಯೂ ನನ್ನ ಕಿವಿಗೆ ಬಿದ್ದಿಲ್ಲ.

1960ರಲ್ಲಿ ಕಲಾವಿದರೇ ಕೈಕೈ ಸೇರಿಸಿ 'ರಣಧೀರ ಕಂಠೀರವ' ತೆಗೆದರು. ರಾಜಕುಮಾರ್, ಜಿ.ವಿ. ಅಯ್ಯರ್, ನರಸಿಂಹರಾಜು, ಬಾಲಕೃಷ್ಣ, ಇಷ್ಟು ಜನ. ಬಂಡವಾಳದ ಚಿಂತೆ ನಾಲ್ವರಿಗೆ, ಕಂಠೀರವನ ಕಿರೀಟ ಒಬ್ಬರಿಗೆ. ಅದು ತಪ್ಪೇನಲ್ಲ, ಬಾಲಣ್ಣನ ತಲೆಗೆ ಕಿರೀಟ ಇಟ್ಟಿದ್ದರೆ ಟಿಕೆಟ್ ನಾನೂ ಕೊಳ್ಳುತ್ತಿರಲಿಲ್ಲ.

ಕನ್ನಡ ಚಿತ್ರಗಳು ಮದರಾಸಿನ ಫ್ಲೋರುಗಳಲ್ಲಿ ಬಾಡಿಗೆಗಿದ್ದ ಕಾಲದಲ್ಲಿ ಬೆಂಗಳೂರಲ್ಲೇ ಒಂದು ಸ್ಟುಡಿಯೋ ಇರಲಿ ಎಂದು ಹೊರಟವರು ಈ ಪೋಷಕ ನಟ. ಸರ್ಕಾರ ಕೊಟ್ಟ ಜಾಗದಲ್ಲಿ, ಮೈಸೂರು ರಸ್ತೆಯ ಕೆಂಗೇರಿ ಬಳಿ, 'ಅಭಿಮಾನ್' ಎದ್ದಿತು. ಹೆಸರಲ್ಲಿ ಅಭಿಮಾನ, ತಲೆಯ ಮೇಲೆ ಸಾಲ. ನಾಯಕರೆಲ್ಲ ಅಭಿಮಾನವನ್ನು ಅಭಿಮಾನಿಗಳಿಂದ ಪುಕ್ಕಟೆ ಪಡೆದರೆ, ಇವರು ಅದಕ್ಕೂ ಇಟ್ಟಿಗೆ, ಸಿಮೆಂಟಿನ ಲೆಕ್ಕ ಬರೆದರು. 1995ರಲ್ಲಿ ಹೋದರು.

2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್ ಅಂತ್ಯಕ್ರಿಯೆ ನಡೆದದ್ದು ಅಲ್ಲೇ. ಆಮೇಲೆ ಸಮಾಧಿ, ವಿವಾದ, ಕೋರ್ಟು, ಧರಣಿ. ಟಿವಿಯವರೆಲ್ಲ ಅಭಿಮಾನ್ ಗೇಟಿನ ಮುಂದೆ ಮೈಕು ಹಿಡಿದರು. ಕಟ್ಟಿದವನ ಹೆಸರು ಬಂತು, ಇಲ್ಲವೆನ್ನಲಾರೆ. 'ಹಿರಿಯ ನಟ ಬಾಲಕೃಷ್ಣ ಕುಟುಂಬದವರು' ಅಂತ ಬಂತು. ತನ್ನ ಸ್ವಂತ ಸ್ಟುಡಿಯೋದಲ್ಲೂ ಮನುಷ್ಯನಿಗೆ ಸಿಕ್ಕಿದ್ದು ಪೋಷಕ ಪಾತ್ರವೇ!

ಮೊನ್ನೆ ಕೆಂಗೇರಿಯಲ್ಲಿ ಆಟೋದವನಿಗೆ ಅಭಿಮಾನ್ ಸ್ಟುಡಿಯೋ ಎಂದೆ.

"ವಿಷ್ಣು ಸಾರ್ ಸಮಾಧಿ ಇತ್ತಲ್ಲ, ಅದೇ ತಾನೇ?"

"ಬಾಲಕೃಷ್ಣ ಅವರ ಸ್ಟುಡಿಯೋ."

"ಯಾವ ಬಾಲಕೃಷ್ಣ?"

"ಬಾಲಣ್ಣ ಕಣಪ್ಪ, ರಾಚೂಟಪ್ಪ."

ಕನ್ನಡಿಯಲ್ಲಿ ಅವನ ಮುಖ ಅರಳಿತು. ಸಿಗ್ನಲ್ಲಿನಲ್ಲಿ ಬ್ರೇಕ್ ಒತ್ತಿ, ಬಾಯಿ ಸೊಟ್ಟ ಮಾಡಿ, ದನಿ ಎಳೆದೆಳೆದು ಬಾಲಣ್ಣನನ್ನೇ ಕಣ್ಣೆದುರು ನಿಲ್ಲಿಸಿಬಿಟ್ಟ. ಪಕ್ಕದ ಸ್ಕೂಟರಿನವನೂ ನಕ್ಕ. ಹಸಿರು ದೀಪ ಬಿತ್ತು, ಗೇರ್ ಹಾಕಿದ.

"ಓಹೋ, ಅವ್ರದ್ದೂ ಒಂದು ಸ್ಟುಡಿಯೋ ಇತ್ತಾ ಸಾರ್?"