ಟಿಕೆಟ್ ತೋರಿಸಿ ಸ್ವಾಮಿ

ಭಾರತೀಯ ರೈಲ್ವೆಯ ದೊರೆಗಳಿಗೆ,

ಹಳಿಯ ಮಗ್ಗುಲಿನ ಹೊಲದವನ ನಮಸ್ಕಾರ. ಟಿಕೆಟ್ ಇಲ್ಲದೆ ಗಾಡಿ ಹತ್ತಿದವನಿಂದ ಚಾರ್ಜಿನ ಮೇಲೆ ಕನಿಷ್ಠ 250 ರೂಪಾಯಿ ದಂಡ ಕೀಳುತ್ತೀರಿ. ನ್ಯಾಯವೇ. ಆದರೆ ಲುಧಿಯಾನದ ಕಡೆಯ ಒಬ್ಬ ರೈತನ ಹೊಲದ ಮೇಲೆ ನೀವೇ ಟಿಕೆಟ್ ಇಲ್ಲದೆ ಓಡಾಡಿದ್ದಕ್ಕೆ ಯಾವ ಟಿ.ಸಿ. ರಸೀದಿ ಹರಿಯಬೇಕು?

ಲುಧಿಯಾನ–ಚಂಡೀಗಢ ಮಾರ್ಗಕ್ಕೆಂದು 2007ರಲ್ಲಿ ಆ ಜಮೀನು ನಿಮ್ಮ ಪಾಲಾಯಿತು. ಎಕರೆಗೆ 25 ಲಕ್ಷ ಎಂದಿದ್ದನ್ನು ಕೋರ್ಟು 50 ಲಕ್ಷಕ್ಕೇರಿಸಿತು. ಆತನಿಗೆ ಬರಬೇಕಾದದ್ದು 1.47 ಕೋಟಿ, ಕೈಗೆ ಬಂದದ್ದು 42 ಲಕ್ಷ. ಮಿಕ್ಕಿದ್ದಕ್ಕೆ ಅಲೆದೂ ಅಲೆದೂ ಚಪ್ಪಲಿ ಸವೆದ ಮೇಲೆ, 2017ರ ಮಾರ್ಚ್‌ನಲ್ಲಿ ಅಲ್ಲಿನ ನ್ಯಾಯಾಲಯ ಅಮೃತಸರ–ದೆಹಲಿ ಸ್ವರ್ಣ ಶತಾಬ್ದಿಯನ್ನೇ ಜಪ್ತಿ ಮಾಡಲು ಹೇಳಿತು. ಜೊತೆಗೆ ಸ್ಟೇಷನ್ ಮಾಸ್ತರರ ಕಚೇರಿಯನ್ನೂ! ಸಾಲಕ್ಕೆ ಎತ್ತು, ಪಂಪ್‌ಸೆಟ್ಟು ಜಪ್ತಿಯಾಗುವುದನ್ನಷ್ಟೇ ಕಂಡ ನಮ್ಮಂಥವರಿಗೆ ಅದು ಹಬ್ಬ.

300 ಮೀಟರ್ ಉದ್ದದ ರೈಲು ತಗೊಂಡು ಏನು ಮಾಡುತ್ತಾನೆ, ಮನೆಗೆ ಒಯ್ಯುತ್ತಾನಾ ಎಂದು ನಿಮ್ಮವರೊಬ್ಬರು ಕೇಳಿದರಂತೆ. ಯಾಕೆ ಒಯ್ಯಬಾರದು? ಮೊದಲು ಪಹಣಿ ಮಾಡಿಸುವುದು. ಚಕ್ಕುಬಂದಿ: ಪೂರ್ವಕ್ಕೆ ಎಂಜಿನ್, ಪಶ್ಚಿಮಕ್ಕೆ ಗಾರ್ಡ್ ಡಬ್ಬಿ. ಗಾಡಿ ತಿರುವಿನಲ್ಲಿ ಹೊರಳಿ ದಿಕ್ಕು ಅದಲುಬದಲಾದರೆ ಸರ್ವೆಯವರು ಸರಪಳಿ ಹಿಡಿದು ಹಿಂದೆ ಓಡಲಿ. ಏಸಿ ಬೋಗಿ ತರಿ, ಪ್ಯಾಂಟ್ರಿ ಬಾಗಾಯ್ತು, ಶೌಚಾಲಯ ಖರಾಬು. ಬೆಳೆ ಕಾಲಂನಲ್ಲಿ ಕಟ್ಲೆಟ್. ಅಣ್ಣತಮ್ಮಂದಿರು ಹಿಸ್ಸೆ ಕೇಳಿದರೆ ಬೋಗಿ ಬಿಚ್ಚಿ ಹಂಚಿಕೊಂಡರಾಯಿತು, ಬದುವಿನ ಜಗಳವೇ ಇಲ್ಲ.

ಪಾಪ, ಆತ ಇದೇನೂ ಮಾಡಲಿಲ್ಲ. ಆದೇಶ ಹಿಡಿದು ವಕೀಲರೊಡನೆ ಸ್ಟೇಷನ್ನಿಗೆ ಹೋದ. ನಿಮ್ಮ ಸೆಕ್ಷನ್ ಎಂಜಿನಿಯರ್ ಜವಾಬ್ದಾರಿ ಬರೆದುಕೊಟ್ಟು ಗಾಡಿ ಬಿಡಿಸಿಕೊಂಡರು. ಐದು ನಿಮಿಷದಲ್ಲಿ ಅದು ಹೊರಟೇಹೋಯಿತು. ಪ್ರಯಾಣಿಕರಿಗೆ ತೊಂದರೆಯಾಗಬಾರದೆಂದು ಆತ ತಡೆಯಲಿಲ್ಲವಂತೆ. ಹತ್ತು ವರ್ಷ ಕಾದವನ ಸಂಕೋಚ ನೋಡಿ!

ಗೊತ್ತಿರಲಿಲ್ಲ ಎನ್ನಬೇಡಿ. 2015ರಲ್ಲೇ ಹಿಮಾಚಲದ ಊನಾದಲ್ಲಿ ಇಂಥದೇ ಬಾಕಿಗೆ ಜನಶತಾಬ್ದಿಯ ಜಪ್ತಿಗೆ ಆದೇಶವಾಗಿತ್ತು. ಬಡ್ಡಿಯ ವಿಷಯವೂ ನಿಮಗೆ ತಿಳಿದದ್ದೇ. 2013ರ ಭೂಸ್ವಾಧೀನ ಕಾಯ್ದೆಯಂತೆ ಪರಿಹಾರ ತಡವಾದರೆ ಮೊದಲ ವರ್ಷ ಶೇ 9, ಆಮೇಲೆ ಶೇ 15. ಹಳೇ ಕಾಯ್ದೆಯಲ್ಲೂ ಇದೇ ದರವಿತ್ತು. ನಮ್ಮೂರ ಸಾಹುಕಾರ ಸಾಲ ತೀರಿಸದಿರುವುದು ಅದರಲ್ಲಿ ಲಾಭ ಇದ್ದಾಗ ಮಾತ್ರ. ನಿಮಗೆ ಲಾಭವೂ ಇಲ್ಲ, ಬರೀ ಅಭ್ಯಾಸ.

ಮುಂದಿನ ಸಲ ಸರ್ವೆ ಕಲ್ಲು ನೆಡಲು ಬಂದಾಗ ಯಾವ ರೈಲು ಅಡವಿಡುತ್ತೀರೆಂದು ಮೊದಲೇ ತಿಳಿಸಿ. ನನಗೆ ಪ್ಯಾಸೆಂಜರ್ ಗಾಡಿ ಸಾಕು, ಶತಾಬ್ದಿ ನಮ್ಮೂರಲ್ಲಿ ನಿಲ್ಲುವುದಿಲ್ಲ.

ಉತ್ತರ ಬರೆದರೆ ಲಕೋಟೆಗೆ ಸ್ಟಾಂಪು ಅಂಟಿಸಿ. ಅದೂ ಟಿಕೆಟ್ಟಿಲ್ಲದೆ ಬಂದರೆ ಪೋಸ್ಟ್‌ಮನ್ ದಂಡ ಕೇಳುವುದು ನನ್ನನ್ನೇ.

ಇಂತಿ,
ಹಳಿಯ ಮಗ್ಗುಲಿನ ಹೊಲದವನು