ಬ್ರೇಕಿಂಗ್ ರಾಯರು ಸ್ಟೂಲ್ ಏರಿದ್ದು

ವಾರದ ನಡುವಿನ ಯಾವುದಾದರೂ ಬೆಳಗ್ಗೆ ಬೆಂಗಳೂರಿನ ದೊಡ್ಡ ಹೋಟೆಲೊಂದರ ಬಾಲ್‌ರೂಮಿಗೆ ಹೋಗಿ ನೋಡಿ. ವೇದಿಕೆಯ ಮೇಲೆ ಐದು ಎತ್ತರದ ಸ್ಟೂಲುಗಳು. ನಾಲ್ಕರ ಮೇಲೆ ಕೂತವರು ಯಾರು, ಯಾವ ಕಂಪನಿಯ ಎಂಥ ಹುದ್ದೆಯವರು ಎಂದು ಹಿಂದಿನ ಎಲ್‌ಇಡಿ ಪರದೆ ಹೇಳುತ್ತದೆ. ಐದನೆಯವರನ್ನು ಮಾತ್ರ ಎಲ್ಲೋ ನೋಡಿದ ಹಾಗಿದೆಯಲ್ಲ ಎಂದು ನೀವು ತಲೆ ಕೆರೆದುಕೊಳ್ಳುತ್ತೀರಿ. ಅವರು ಬಾಯಿ ತೆರೆದರೆ ಸಂಶಯ ತೀರಿತು. ವರ್ಷಗಟ್ಟಲೆ ರಾತ್ರಿ ಊಟದ ಹೊತ್ತಿಗೆ ಸರಿಯಾಗಿ ನಿಮ್ಮ ಹಾಲಿನ ಗೋಡೆಯಿಂದ ಕೂಗಾಡುತ್ತಿದ್ದ ದನಿ ಅದು. ಆಗ "ಉತ್ತರ ಕೊಡಿ! ನಾಡಿನ ಜನ ಕೇಳ್ತಿದ್ದಾರೆ!" ಎಂದು ಶಾಸಕರ ಮೇಲೆ ಏರಿಹೋಗುತ್ತಿದ್ದವರು ಈಗ ಪಕ್ಕದ ಸ್ಟೂಲಿನ ಕಡೆಗೆ ಅರ್ಧ ಬಾಗಿ, "ಸರ್, ನಿಮ್ಮ ಈ ಸ್ಫೂರ್ತಿದಾಯಕ ಜರ್ನಿ ಬಗ್ಗೆ ನಮಗೊಂದೆರಡು ಮಾತು..." ಎನ್ನುತ್ತಿದ್ದಾರೆ.

ಕರೆಯಲು ಒಂದು ಹೆಸರು ಬೇಕಲ್ಲ, ಬ್ರೇಕಿಂಗ್ ರಾಯರು ಎನ್ನೋಣ. ಇದು ಯಾರೋ ಒಬ್ಬರ ಚಿತ್ರವೆಂದು ಹುಡುಕಲು ಹೋಗಬೇಡಿ. ನಾಲ್ಕೈದು ಮಂದಿಯ ಅಳತೆ ತೆಗೆದುಕೊಂಡು ಹೊಲಿದ ಒಂದೇ ಕೋಟು ಇದು. ಯಾರಿಗಾದರೂ ಸರಿಯಾಗಿ ಕೂತರೆ ಅದು ದರ್ಜಿಯ ತಪ್ಪಲ್ಲ.

ರಾಯರು ತಿಪಟೂರಿನ ಕಡೆಯವರು. ಕನ್ನಡ ಎಂ.ಎ. ಮೊದಲು ಬಾಯಿ ತೆರೆದದ್ದು ಆಕಾಶವಾಣಿಯ ಯುವವಾಣಿಯಲ್ಲಿ. ಪ್ರವಾಹ, ಬಜೆಟ್, ಕ್ರಿಕೆಟ್ ಮೂರನ್ನೂ ಒಂದೇ ದನಿಯಲ್ಲಿ ಹೇಳಬೇಕೆಂದು ಅಲ್ಲಿ ಕಲಿಸಿದರು, ಇವರು ಕಲಿತರು. 1994ರಲ್ಲಿ ಉದಯ ಟಿವಿ ಬಂದಾಗಲೂ ಸುದ್ದಿ ಎಂಬುದು ಹೊತ್ತು ಹೊತ್ತಿಗೆ ಬಂದು ಹೋಗುವ ಮರ್ಯಾದಸ್ಥ ಅತಿಥಿಯಾಗಿತ್ತು. ಅದು ಮನೆಯಲ್ಲೇ ಬಿಡಾರ ಹೂಡಿದ್ದು ಆಮೇಲೆ: 2006ರಲ್ಲಿ ಟಿವಿ9, 2008ರಲ್ಲಿ ಸುವರ್ಣ ನ್ಯೂಸ್, 2012ರಲ್ಲಿ ಪಬ್ಲಿಕ್ ಟಿವಿ. ದಿನಕ್ಕೆ ಇಪ್ಪತ್ನಾಲ್ಕು ಗಂಟೆ ಇದೆ, ಅಷ್ಟು ಸುದ್ದಿ ಇಲ್ಲ. ನಡುವಿನ ಅಂತರವನ್ನು ಬಾಯಲ್ಲೇ ತುಂಬುವವರು ಬೇಕಾಯಿತು. ರಾಯರು ತುಂಬಿದರು.

ಅವರ ವೃತ್ತಿಜೀವನದ ಸುವರ್ಣಕಾಲ 2019ರ ಜುಲೈ. ಮೈತ್ರಿ ಸರ್ಕಾರದ ವಿಶ್ವಾಸಮತದ ಚರ್ಚೆ 18ಕ್ಕೆ ಶುರುವಾಗಿ, ಮತಕ್ಕೆ ಬಿದ್ದು ಸರ್ಕಾರ ಬಿದ್ದದ್ದು 23ರ ಸಂಜೆ. 99 ಮತ್ತು 105 ಎಂಬ ಎರಡು ಅಂಕಿಗಳನ್ನು ಹೇಳಲು ಅರ್ಧ ನಿಮಿಷ ಸಾಕು. ಆದರೆ ಅದಕ್ಕೆ ಮುಂಚಿನ ಅಷ್ಟೂ ದಿನ, ಶಾಸಕರು ಬೀಡುಬಿಟ್ಟ ರೆಸಾರ್ಟಿನ ಮುಚ್ಚಿದ ಗೇಟಿನ, ಹೊರಡದ ಬಸ್ಸಿನ ಚಿತ್ರವನ್ನು ಪರದೆಯ ಮೇಲಿಟ್ಟುಕೊಂಡು ಒಬ್ಬ ಮನುಷ್ಯ ಗಂಟೆಗಟ್ಟಲೆ ಮಾತಾಡಬೇಕೆಂದರೆ ಅದು ತಮಾಷೆಯಲ್ಲ. "ಗೇಟು ಈಗಲೂ ಮುಚ್ಚಿದೆ. ಯಾಕೆ ಮುಚ್ಚಿದೆ? ಯಾರು ಮುಚ್ಚಿಸಿದರು? ತೆರೆದರೆ ಏನಾಗಬಹುದು?" ನಗಬೇಡಿ, ಇದೇ ವಿದ್ಯೆ ಮುಂದೆ ಅವರಿಗೆ ಅನ್ನ ಹಾಕಿತು.

ದಾರಿ ತೋರಿಸಿದ್ದು ಕೊರೊನಾ. 2020ರಲ್ಲಿ ಸಂಬಳಕ್ಕೆ ಕತ್ತರಿ ಬಿತ್ತು. ಅಕ್ಟೋಬರ್‌ನಿಂದ ಸುದ್ದಿ ಚಾನೆಲ್‌ಗಳ ವಾರದ ರೇಟಿಂಗೂ ನಿಂತುಹೋಗಿ, ಮತ್ತೆ ಬರಲು 2022ರ ಮಾರ್ಚ್ ಆಯಿತು. ಗುರುವಾರ ಬಂದರೆ ಬಿ.ಪಿ. ಏರಿಸಿಕೊಳ್ಳುತ್ತಿದ್ದ ನ್ಯೂಸ್‌ರೂಮಿನಲ್ಲಿ ಯಾರು ಗೆದ್ದರು, ಯಾರು ಸೋತರು ಎಂದೇ ತಿಳಿಯದಾಯಿತು. ಅದೇ ಹೊತ್ತಿಗೆ ಒಂದು ಔಷಧ ಕಂಪನಿಯವರು ವೆಬಿನಾರ್ ನಡೆಸಿಕೊಡಿ ಎಂದು ಕೇಳಿದರು. ಮನೆಯಲ್ಲೇ, ಪುಸ್ತಕದ ಕಪಾಟಿನ ಮುಂದೆ. ಒಂದೂವರೆ ಗಂಟೆಯ ಕೆಲಸ. ಅದರಲ್ಲೂ ಕಾಲು ಭಾಗ "ಡಾಕ್ಟ್ರೇ, ನೀವು ಮ್ಯೂಟ್‌ನಲ್ಲಿದ್ದೀರಿ" ಎನ್ನುವುದರಲ್ಲೇ ಕಳೆಯಿತು. ಬಂದ ದುಡ್ಡು ನೋಡಿ ರಾಯರು ಹೆಂಡತಿಯ ಕೈಯಲ್ಲಿ ಇನ್ನೊಮ್ಮೆ ಎಣಿಕೆ ಮಾಡಿಸಿದರು. ಒಂದು ಸೊನ್ನೆ ಜಾಸ್ತಿ ಕಾಣುತ್ತಿದೆ ಎಂಬ ಅನುಮಾನ.

ಹೀಗೆ ಸ್ಟುಡಿಯೋ ಬಿಟ್ಟು ಸ್ಟೂಲಿಗೆ ಬಂದವರಿಗೆ ಮೊದಲ ಗಂಡಾಂತರ ಕಾಲಿನದ್ದು. ಸುದ್ದಿವಾಚಕರಿಗೆ ಸೊಂಟದ ಕೆಳಗೆ ದೇಹವಿರುವುದಿಲ್ಲ. ಮೇಲೆ ಕೋಟು, ಟೈ. ಮೇಜಿನ ಕೆಳಗೆ ಬರ್ಮುಡಾ, ಹವಾಯಿ ಚಪ್ಪಲಿ. ಎತ್ತರದ ಸ್ಟೂಲಿನ ಮೇಲೆ ಕೂತರೆ ಮುಂದಿನ ಸಾಲಿನವರ ಕಣ್ಣಿಗೆ ನೇರವಾಗಿ ಬೀಳುವುದು ಕಾಲುಚೀಲ. ಮೊದಲ ಕಾರ್ಯಕ್ರಮದಲ್ಲಿ ರಾಯರ ಒಂದು ಕಾಲುಚೀಲ ಕಡುನೀಲಿ, ಇನ್ನೊಂದು ಕಪ್ಪು. ಪ್ಯಾಂಟು ಮೇಲೇರಿ ಎರಡರ ಮೇಲೂ ನಾಲ್ಕು ಬೆರಳಗಲ ತಿಪಟೂರು ಕಾಣುತ್ತಿತ್ತು. ಜತೆಗೆ ಆ ಸ್ಟೂಲಿನಲ್ಲಿ ಒರಗಲು ಬೆನ್ನಿಲ್ಲ, ಕಾಲಿಗೆ ನೆಲ ಸಿಗುವುದಿಲ್ಲ. ಸಾವಿರಾರು ಕೋಟಿ ವಹಿವಾಟಿನ ಕಂಪನಿಯ ಮುಖ್ಯಸ್ಥರನ್ನು ಅರ್ಧ ಪೃಷ್ಠದ ಮೇಲೆ ಮುಕ್ಕಾಲು ಗಂಟೆ ಕೂರಿಸಬೇಕೆಂದು ಯಾರಿಗೆ ಮೊದಲು ಹೊಳೆಯಿತೋ, ಅವರನ್ನು ಹಿಡಿದು ಹಳೆಯ ರಾಯರ ಮುಂದೆ ರಾತ್ರಿ ಒಂಬತ್ತರ ಚರ್ಚೆಗೆ ಕೂರಿಸಬೇಕು.

ಎರಡನೆಯದು ಕಿವಿ. ಸ್ಟುಡಿಯೋದಲ್ಲಿ ಕಿವಿಯೊಳಗೆ ಸದಾ ಪಿಸಿಆರ್, ಅಂದರೆ ಗಾಜಿನಾಚೆಯ ಕಂಟ್ರೋಲ್ ರೂಮು, ಮಾತಾಡುತ್ತಿರುತ್ತದೆ. ಈಗ ಅಲ್ಲಿ ಯಾರೂ ಇಲ್ಲ. ಆದರೂ ಸಭೆಯಲ್ಲಿ ಒಂದು ಗಳಿಗೆ ಮೌನವಾದರೆ ರಾಯರ ಎಡಗೈ ತಾನಾಗಿ ಕಿವಿಗೆ ಹೋಗುತ್ತದೆ. ನೋಡಿದವರು ಗಹನವಾಗಿ ಯೋಚಿಸುತ್ತಿದ್ದಾರೆಂದು ತಿಳಿಯುತ್ತಾರೆ. ಅವರ ಪ್ರೊಫೈಲ್ ಫೋಟೋ ಕೂಡ ಅದೇ ಭಂಗಿಯದು.

ಕಾರ್ಯಕ್ರಮಕ್ಕೆ ನಾಲ್ಕು ದಿನ ಮುಂಚೆ 'ಅಲೈನ್‌ಮೆಂಟ್ ಕಾಲ್' ಇರುತ್ತದೆ. ಕಂಪನಿಯ ಕಮ್ಯುನಿಕೇಶನ್ ವಿಭಾಗದ ಹುಡುಗಿ ತುಂಬ ವಿನಯದಿಂದ ಮಾತಾಡುತ್ತಾಳೆ.

"ಸಾರ್, ನಿಮ್ ಪ್ರಶ್ನೆಗಳು ಸೂಪರ್ ಸಾರ್. ಚಿಕ್ ಚಿಕ್ ಚೇಂಜ್ ಅಷ್ಟೇ. ನಾಲ್ಕನೇದು ಕೆಲಸದಿಂದ ತೆಗೆದದ್ದರ ಬಗ್ಗೆ ಇದೆಯಲ್ಲ..."

"ಅದು ಪೇಪರ್‌ನಲ್ಲೇ ಬಂದಿದೆಯಲ್ಲಮ್ಮ."

"ಹೌದು ಸಾರ್, ಅದಕ್ಕೇ. ಅದನ್ನ 'ಭವಿಷ್ಯಕ್ಕೆ ನಿಮ್ಮ ತಂಡವನ್ನು ಹೇಗೆ ಸಜ್ಜುಗೊಳಿಸುತ್ತಿದ್ದೀರಿ' ಅಂತ ಮಾಡಿದೀವಿ. ಆರನೇದು ತೆಗೆದಿದೀವಿ. ಏಳನೇದು ನಮ್ ಸಿಇಒ ಅವರೇ ಬರ್ದು ಕಳ್ಸಿದಾರೆ."

ಏಳನೆಯದು ಹೀಗಿತ್ತು: ಇಷ್ಟೆಲ್ಲ ಸಾಧಿಸಿಯೂ ನೀವು ಇಷ್ಟು ಸರಳವಾಗಿರಲು ಹೇಗೆ ಸಾಧ್ಯ?

ರಾಯರು ಮಾರಿಕೊಂಡುಬಿಟ್ಟರು ಎಂದು ಹಳೆಯ ಸಹೋದ್ಯೋಗಿಗಳು ಪ್ರೆಸ್‌ಕ್ಲಬ್ಬಿನಲ್ಲಿ ಆಡಿಕೊಳ್ಳುತ್ತಾರೆ. ಹಾಗೆ ಆಡಿಕೊಂಡವರೇ ಗ್ಲಾಸು ಕೆಳಗಿಟ್ಟ ಮೇಲೆ, ಯಾವ ಏಜೆನ್ಸಿ, ಎಷ್ಟು ಕೊಡ್ತಾರೆ ಎಂದು ಪಿಸುದನಿಯಲ್ಲಿ ವಿಚಾರಿಸುತ್ತಾರೆ. ನನಗೇನೋ ಅವರ ಅಪವಾದ ಒಪ್ಪಿಗೆಯಾಗುವುದಿಲ್ಲ. ಸ್ಟುಡಿಯೋದಲ್ಲಿದ್ದಾಗ ರಾಯರು ತಮ್ಮ ಪ್ರಶ್ನೆಯನ್ನು ತಾವೇ ಕೇಳುತ್ತಿದ್ದರು ಎಂದು ಯಾರು ಹೇಳಿದ್ದು? ಗಾಜಿನ ಆಚೆ ಕೂತ ಇಪ್ಪತ್ತಾರರ ಹುಡುಗ "ಬಿಡ್ಬೇಡಿ ಸಾರ್, ಹಿಡ್ಕೊಳ್ಳಿ" ಎಂದು ಕಿವಿಯಲ್ಲಿ ಹೇಳಿದರೆ ಹಿಡಿದುಕೊಳ್ಳುತ್ತಿದ್ದರು. "ಸಾರ್, ಬ್ರೇಕ್" ಎಂದರೆ ನಾಡು ನುಡಿ ಎಲ್ಲವನ್ನೂ ಅರ್ಧಕ್ಕೇ ಬಿಟ್ಟು ಮಸಾಲೆಪುಡಿಯ ಜಾಹೀರಾತಿಗೆ ದಾರಿ ಮಾಡಿಕೊಡುತ್ತಿದ್ದರು. ಅಲ್ಲಿ ಕಿವಿಗೆ ಬರುತ್ತಿದ್ದುದು ಇಲ್ಲಿ ಇಮೇಲಿಗೆ ಬರುತ್ತದೆ. ಇಮೇಲಿನಲ್ಲಿ ಕನಿಷ್ಠ ಪಕ್ಷ ಕೊನೆಗೆ ಧನ್ಯವಾದ ಇರುತ್ತದೆ.

ಕಷ್ಟ ಬರುವುದು ಸಭಿಕರ ಪ್ರಶ್ನೆಯ ಹೊತ್ತಿಗೆ. ಹಿಂದೆ ಮೈಕು ಓಡಾಡುತ್ತಿತ್ತು. "ಪ್ರಶ್ನೆ ಅಂತಲ್ಲ, ನನ್ನದೊಂದು ಅಭಿಪ್ರಾಯ" ಎಂದು ಎದ್ದವರನ್ನು ಕೂರಿಸುವುದಷ್ಟೇ ಕೆಲಸ. ಈಗ ಎಲ್ಲರೂ ಮೊಬೈಲಿನಲ್ಲಿ ಹೆಸರು ಹೇಳದೆ ಪ್ರಶ್ನೆ ಹಾಕಬಹುದು, ಹಿಡಿಸಿದ್ದಕ್ಕೆ ಉಳಿದವರು ಮತ ಒತ್ತಬಹುದು. ರಾಯರ ಕೈಯಲ್ಲಿ ಒಂದು ಟ್ಯಾಬ್ ಇರುತ್ತದೆ. ಒಂದು ಕಂಪನಿಯ ಟೌನ್‌ಹಾಲ್ ಸಭೆಯಲ್ಲಿ ನಾನೂ ಹಿಂದಿನ ಸಾಲಿನಲ್ಲಿದ್ದೆ. ಊಟ ಚೆನ್ನಾಗಿರುತ್ತದೆ ಎಂದು ಅವರೇ ಕರೆದಿದ್ದರು. ಟ್ಯಾಬ್‌ನಲ್ಲಿ ನೂರಾರು ಮತಗಳೊಂದಿಗೆ ಮೇಲೆ ನಿಂತಿದ್ದ ಪ್ರಶ್ನೆ: 'ಇನ್‌ಕ್ರಿಮೆಂಟ್ ಯಾವಾಗ?' ಅದರ ಕೆಳಗೆ: 'ಈ ಹೋಟೆಲಿನ ಬಾಡಿಗೆಯನ್ನು ನಮಗೇ ಹಂಚಿದ್ದರೆ ತಲೆಗೆ ಎಷ್ಟು ಬರುತ್ತಿತ್ತು?' ರಾಯರು ಕನ್ನಡಕ ಸರಿಮಾಡಿಕೊಂಡರು. ಬೆರಳು ಮೇಲಿನಿಂದ ಕೆಳಗೆ ಇಳಿಯಿತು, ಇನ್ನೂ ಕೆಳಗೆ ಇಳಿಯಿತು, ಪಾತಾಳದಲ್ಲಿ ಮೂರು ಮತ ಪಡೆದು ಮಲಗಿದ್ದ ಒಂದನ್ನು ಎಬ್ಬಿಸಿ ತಂದಿತು. "ಬಹಳ ಜನ ಕೇಳ್ತಿದ್ದಾರೆ ಸರ್. ನಿಮ್ಮ ಬೆಳಗಿನ ದಿನಚರಿ ಏನು?" 'ನಾಡಿನ ಜನ ಕೇಳ್ತಿದ್ದಾರೆ' ಎಂದು ಹತ್ತು ವರ್ಷ ಹೇಳಿದ ಬಾಯಿಗೆ ಇದೇನು ಕಷ್ಟ! ಸಿಇಒ ಸಾಹೇಬರು ನಾಲ್ಕೂವರೆಗೆ ಏಳುತ್ತಾರಂತೆ. ಸಭೆ ಚಪ್ಪಾಳೆ ತಟ್ಟಿತು. ನನ್ನ ಪಕ್ಕದ ಹುಡುಗ ಮೊದಲ ಪ್ರಶ್ನೆಗೆ ಇನ್ನೊಂದು ಮತ ಒತ್ತಿದ.

ಆದರೆ ಒಂದು ವಿಷಯದಲ್ಲಿ ರಾಯರಿಗೆ ಸಾಟಿಯಿಲ್ಲ. ಮುಖ್ಯ ಅತಿಥಿ ಹೆಬ್ಬಾಳದ ಫ್ಲೈಓವರ್ ಮೇಲೆ ಸಿಕ್ಕಿಕೊಂಡಿದ್ದಾರೆ ಎಂಬ ಚೀಟಿ ಬಂದಾಗ ಬೇರೆ ನಿರೂಪಕರ ಕೈಕಾಲು ತಣ್ಣಗಾಗುತ್ತದೆ. ರಾಯರ ಮುಖಕ್ಕೆ ಆಗ ಕಳೆ ಬರುತ್ತದೆ. ದೀಪದ ಕಂಬದಿಂದ ಶುರು ಮಾಡಿ ಐದು ಬತ್ತಿಗೂ ಒಂದೊಂದು ಅರ್ಥ ಹೇಳುತ್ತಾರೆ. ಅತಿಥಿಗಳಿಗೆಂದು ತಂದಿಟ್ಟ ಏಲಕ್ಕಿ ಹಾರದಿಂದ ಹಾವೇರಿಗೆ ಹೋಗಿ, ಅಲ್ಲಿಂದ ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆ ಸುತ್ತಿ, ಮೈಸೂರು ಪೇಟದ ಜರಿಯ ಅಂಚು ಹಿಡಿದು ವಾಪಸ್ಸು ವೇದಿಕೆಗೆ ಬರುತ್ತಾರೆ. ಅಷ್ಟರಲ್ಲಿ ಮುಖ್ಯ ಅತಿಥಿ ಮೇಖ್ರಿ ಸರ್ಕಲ್ ದಾಟಿರುತ್ತಾರೆ. ಏನೂ ನಡೆಯದಿರುವ ಅರ್ಧ ಗಂಟೆಯನ್ನು ಏನೋ ನಡೆಯುತ್ತಿದೆ ಎಂದು ನಂಬಿಸುವುದು ಮುಚ್ಚಿದ ಗೇಟಿನ ಮುಂದೆ ಕಲಿತ ವಿದ್ಯೆ. ಏಜೆನ್ಸಿಯವರು ಅವರಿಗೆ ದುಡ್ಡು ಕೊಡುವುದು ನಿಜಕ್ಕೂ ಇದಕ್ಕೆ. ಪ್ರಶ್ನೆ ಕೇಳುವುದಕ್ಕೆ ಅಂತ ಅವರು ತಿಳಿದಿದ್ದರೆ ತಿಳಿದುಕೊಳ್ಳಲಿ.

ನವೆಂಬರ್ ಅವರ ಸುಗ್ಗಿ. ಹೊರವರ್ತುಲ ರಸ್ತೆಯ ಟೆಕ್ ಪಾರ್ಕುಗಳಲ್ಲಿ ತಿಂಗಳಿಡೀ ರಾಜ್ಯೋತ್ಸವ. ಹೊರರಾಜ್ಯದ ಮುಖ್ಯಸ್ಥರಿಗೆ ಮೂರು ವಾಕ್ಯ ಕನ್ನಡವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆದುಕೊಡುವುದೂ ಇವರ ಸೇವೆಯೊಳಗೇ ಬರುತ್ತದೆ. 2022ರಲ್ಲಿ ಸರ್ಕಾರ ನಾಡಗೀತೆಗೆ ಮೈಸೂರು ಅನಂತಸ್ವಾಮಿಯವರ ಧಾಟಿಯನ್ನೂ 2 ನಿಮಿಷ 30 ಸೆಕೆಂಡಿನ ಅವಧಿಯನ್ನೂ ನಿಗದಿ ಮಾಡಿದಾಗ ನಾಡಿನಲ್ಲಿ ಧಾಟಿಯ ಬಗ್ಗೆ ಚರ್ಚೆಯೋ ಚರ್ಚೆ. ರಾಯರು ಖುಷಿಪಟ್ಟದ್ದು ಅವಧಿಗೆ. ಇಡೀ ರನ್‌ಷೀಟಿನಲ್ಲಿ ಹೇಳಿದ ಹೊತ್ತಿಗೆ ಶುರುವಾಗಿ ಹೇಳಿದ ಹೊತ್ತಿಗೆ ಮುಗಿಯುವುದು ಅದೊಂದೇ.

ದುಡ್ಡು ಕೈಗೆ ಬರುವ ಕಥೆ ಬೇರೆ. ವೆಂಡರ್ ಫಾರಂ, ಪ್ಯಾನ್, ರದ್ದು ಮಾಡಿದ ಚೆಕ್ಕು, ಪಿಒ ನಂಬರ್, ಶೇ 10 ಟಿಡಿಎಸ್. ವರ್ಷದ ಆದಾಯ ಇಪ್ಪತ್ತು ಲಕ್ಷ ದಾಟಿದ್ದರಿಂದ ಶೇ 18 ಜಿಎಸ್‌ಟಿಯ ತಲೆನೋವು. ಆಡಿಟರ್ ಹೇಳಿಕೊಟ್ಟಂತೆ ರಾಯರು ಕಿರು ಉದ್ಯಮವೆಂದು ನೋಂದಣಿ ಮಾಡಿಸಿ, 45 ದಿನದೊಳಗೆ ಪಾವತಿ ಆಗಬೇಕೆಂಬ ಕಾನೂನನ್ನು ಬಿಲ್ಲಿನ ಕೆಳಗೆ ದಪ್ಪಕ್ಷರದಲ್ಲಿ ಹಾಕಿಸಿದ್ದಾರೆ. ಅರವತ್ತನೇ ದಿನ ಅಕೌಂಟ್ಸ್‌ನ ಹುಡುಗನಿಗೆ ಫೋನ್ ಮಾಡಿದರೆ, "ಪ್ರೊಸೆಸ್‌ನಲ್ಲಿದೆ ಸಾರ್, ಮೇಲಿನವರ ಗಮನಕ್ಕೆ ತಂದಿದೀವಿ, ಆದಷ್ಟು ಬೇಗ" ಎಂದು ಉತ್ತರ. ಬೆಳೆ ಪರಿಹಾರ ಯಾವಾಗ ಎಂದು ಕೇಳಿದಾಗ ಮಂತ್ರಿಗಳು ಇದೇ ಮಾತನ್ನು ಇದೇ ಕ್ರಮದಲ್ಲಿ ಹೇಳುತ್ತಿದ್ದರು. ಆಗ ರಾಯರು ಎಷ್ಟು ಹಾರಾಡಿದ್ದರು! ಈಗ "ಆಯ್ತಪ್ಪ, ನಿಧಾನಕ್ಕೆ ನೋಡಿ, ತೊಂದ್ರೆ ಇಲ್ಲ" ಎನ್ನುತ್ತಾರೆ.

ಊರಿನಲ್ಲಿ ತಾಯಿಗೆ ಮಾತ್ರ ಇದ್ಯಾವುದೂ ಅರ್ಥವಾಗಿಲ್ಲ.

"ಟೀವಿಲಿ ಕಾಣ್ತಾನೇ ಇಲ್ವಲ್ಲೋ. ಕೆಲಸ ಬಿಡಿಸಿಬಿಟ್ರಾ?"

"ಇಲ್ಲಮ್ಮ, ನಾನೇ ಬಿಟ್ಟೆ. ಈಗ ದೊಡ್ಡ ದೊಡ್ಡ ಕಂಪನಿಯವರನ್ನ ಮಾತಾಡಿಸ್ತೀನಿ."

"ಬೈತೀಯಾ?"

"ಇಲ್ಲಮ್ಮ."

"ಅದಕ್ಕೂ ದುಡ್ಡು ಕೊಡ್ತಾರಾ?"

ಕಳೆದ ವರ್ಷ ಒಂದು ಅವಘಡ ನಡೆಯಿತು. ಯಾವುದೋ ಕಂಪನಿಯ ವಾರ್ಷಿಕ ಸಮಾವೇಶ. ಮುಖ್ಯಸ್ಥರು ತಮ್ಮಲ್ಲಿನ ಓಪನ್ ಡೋರ್ ಪಾಲಿಸಿಯನ್ನು ಬಣ್ಣಿಸುತ್ತಾ, "ನಮ್ಮಲ್ಲಿ ಬಾಗಿಲು ಯಾವತ್ತೂ ಎಲ್ಲರಿಗೂ ತೆರೆದೇ ಇರುತ್ತೆ" ಎಂದರು. ರಾಯರ ಎಡಗೈ ಕಿವಿಗೆ ಹೋಯಿತು. ಅಲ್ಲಿ ಯಾರೂ ಇರಲಿಲ್ಲ. ಆದರೂ ಬಾಯಿಂದ ಹೊರಬಿತ್ತು: "ಹೋದ ತಿಂಗಳು ಆ ಬಾಗಿಲಿಂದ ಎಷ್ಟು ಜನ ಆಚೆ ಹೋದ್ರು ಸರ್?"

ಎದುರಿನ ಟೈಮರ್ ಓಡುತ್ತಿತ್ತು, ಸಭೆ ನಿಂತಿತ್ತು. ಕಮ್ಯುನಿಕೇಶನ್ ಹುಡುಗಿ ಎರಡೂ ಕೈ ಬಾಯಿಗೆ ಒತ್ತಿಕೊಂಡಳು. ಆಮೇಲೆ ಹಿಂದಿನ ಸಾಲಿನಲ್ಲಿ ಯಾರೋ ಸಿಳ್ಳೆ ಹಾಕಿದರು, ಇಡೀ ಸಭೆ ನಕ್ಕಿತು. ಕ್ಯಾಮೆರಾ ಇದ್ದುದರಿಂದ ಮುಖ್ಯಸ್ಥರೂ ನಕ್ಕರು. ಮೂರು ನಿಮಿಷ ಉತ್ತರಿಸಿದರು, ಸಂಖ್ಯೆಯೊಂದನ್ನು ಬಿಟ್ಟು ಎಲ್ಲ ಹೇಳಿದರು. ಇನ್ನು ತಮ್ಮನ್ನು ಯಾರೂ ಕರೆಯುವುದಿಲ್ಲವೆಂದು ಅವತ್ತು ರಾತ್ರಿ ರಾಯರು ಊಟ ಮಾಡಲಿಲ್ಲ. ಬೆಳಗ್ಗೆ ನೋಡಿದರೆ ಕಂಪನಿಯೇ ಆ ತುಣುಕನ್ನು 'ದಿಟ್ಟ, ಮುಕ್ತ ಸಂವಾದ' ಎಂಬ ತಲೆಬರಹದೊಂದಿಗೆ ಹಂಚಿಕೊಂಡಿತ್ತು. ಲೈಕುಗಳ ಮಳೆ.

ಮುಂದಿನ ಗಿರಾಕಿಯ ರನ್‌ಷೀಟು ವಾರದೊಳಗೆ ಬಂತು. 11.42ರ ಎದುರು ಬರೆದಿತ್ತು: 'ಮಾಡರೇಟರ್ ಅವರಿಂದ ಅನಿರೀಕ್ಷಿತ ಪ್ರಶ್ನೆ. ಪ್ರಶ್ನೆ ಲಗತ್ತಿಸಿದೆ.' 11.43: 'ಸಿಇಒ ನಗುತ್ತಾರೆ.' 11.44: 'ಉತ್ತರ.' ರಾಯರು ಫೋನ್ ಮಾಡಿದರು.

"ಏನಮ್ಮ ಇದು?"

"ಅಪ್ರೂವ್ ಆಗಿದೆ ಸಾರ್, ಟೆನ್ಶನ್ ಬೇಡ. ಒಂದೇ ರಿಕ್ವೆಸ್ಟು. ಕೇಳೋಕೆ ಮುಂಚೆ ಹಾಗೆ ಕಿವಿ ಮುಟ್ಕೊಳ್ತೀರಲ್ಲ, ಅದನ್ನ ಮಿಸ್ ಮಾಡ್ಬೇಡಿ ಸಾರ್."

ರಾಯರು ಮಿಸ್ ಮಾಡಲಿಲ್ಲ. ಈಗ ಅವರ ಕೊಟೇಶನ್‌ನಲ್ಲಿ ಪ್ರಯಾಣ ವೆಚ್ಚದ ಕೆಳಗೆ ಹೊಸದೊಂದು ಸಾಲು ಸೇರಿದೆ: ಅನಿರೀಕ್ಷಿತ ಪ್ರಶ್ನೆ, ಒಂದಕ್ಕೆ ಇಂತಿಷ್ಟು, ಜಿಎಸ್‌ಟಿ ಪ್ರತ್ಯೇಕ.