ಯಾರ ಮಗನೆಂದು ಕೇಳದ ಡ್ರೈವರ್

ಮಾನ್ವಿಯಲ್ಲಿ ಟ್ರ್ಯಾಕ್ಟರ್‌ಗೆ ಡ್ರೈವರ್ ಬೇಕೆಂದರೆ ನಾವು ಸುಮ್ಮನೆ ಕೀಲಿಕೈ ಕೊಡುವವರಲ್ಲ. ಯಾವ ಊರು, ಯಾರ ಮಗ, ಹಿಂದಿನ ಮಾಲೀಕ ಬಿಡಿಸಿದ್ದೇಕೆ, ಸಂಜೆಯಾದರೆ ಕುಡಿಯುತ್ತಾನೋ, ಎಲ್ಲ ವಿಚಾರಿಸುತ್ತೇವೆ. ಸಂತೆಯಲ್ಲಿ ಎತ್ತು ಕೊಳ್ಳುವಾಗಲೂ ಬಾಯಿ ತೆರೆಸಿ ಹಲ್ಲು ನೋಡುತ್ತೇವೆ. ಕಂಪ್ಯೂಟರಿನ ವೈಫೈ, ಸ್ಪೀಕರ್ ನಡೆಸುವ ತಂತ್ರಾಂಶಕ್ಕೂ ಡ್ರೈವರ್ ಎಂದೇ ಹೆಸರು; ಈ ಡ್ರೈವರ್‌ಗೆ ಮಾತ್ರ ಆ ಕಾಟವಿಲ್ಲ. ಅವನು ಪೆನ್‌ಡ್ರೈವ್‌ನಲ್ಲಿ ಬರುತ್ತಾನೆ. ಒಬ್ಬನೇ ಅಲ್ಲ, ಸಾವಿರಾರು ಮಂದಿ ಒಂದೇ ಚೀಲದಲ್ಲಿ.

ಹಳೆಯ ಕಂಪ್ಯೂಟರ್‌ಗೆ ಹೊಸದಾಗಿ ವಿಂಡೋಸ್ ಹಾಕಿಸಿದೆ. ನೆಟ್ ಇಲ್ಲ. ವೈಫೈಗೆ ಡ್ರೈವರ್ ಬೇಕು, ಡ್ರೈವರ್ ಇಳಿಸಲು ನೆಟ್ ಬೇಕು. ಹುಚ್ಚು ಬಿಡದೆ ಮದುವೆಯಾಗದು, ಮದುವೆಯಾಗದೆ ಹುಚ್ಚು ಬಿಡದು. ಅಂಗಡಿಯ ಹುಡುಗ ಜೇಬಿನಿಂದ ಪೆನ್‌ಡ್ರೈವ್ ತೆಗೆದ.

"ಇದರಾಗ ಎಲ್ಲಾ ಡ್ರೈವರ್ ಅದಾವ್ರಿ ಸರ್. ನೆಟ್ಟೇ ಬ್ಯಾಡ."

"ಎಲ್ಲಿಂದ ತಂದೆಪ್ಪಾ?"

"ಗೆಳೆಯ ಕೊಟ್ಟಾನ್ರಿ. ಅವಗ ರಾಯಚೂರಿನ್ಯಾಗ ಯಾರೋ ಕೊಟ್ಟಾರ."

ವಂಶಾವಳಿ ಅಲ್ಲಿಗೆ ಮುಗಿಯಿತು.

ವಿಂಡೋಸಿನ ಕಾವಲುಗಾರ ಡಿಫೆಂಡರ್ ಕೆಂಪಗಾಗಿ ಕೂಗಿತು. "ಅದು ಸುಮ್ನ ಒದರ್ತೈತ್ರಿ" ಎಂದು ಹುಡುಗ ಅದನ್ನೇ ಬಂದ್ ಮಾಡಿದ. ಬೀಗರು ಬರುತ್ತಾರೆಂದು ನಾಯಿ ಕಟ್ಟಿಹಾಕಿದಂತೆ. ಬಂದವರು ಬೀಗರೋ ಕಳ್ಳರೋ ಹೇಳಬೇಕಾದದ್ದೇ ನಾಯಿ. ಡ್ರೈವರ್‌ಗಳ ಪಟ್ಟಿಗೆಲ್ಲ ಟಿಕ್ ಬಿತ್ತು. ವೈಫೈ ಬಂತು. ಜೊತೆಗೆ ನಾನು ಕರೆಯದ ಬ್ರೌಸರ್ ಬಂತು, ಗಳಿಗೆಗೊಮ್ಮೆ "ನಿಮ್ಮ ಕಂಪ್ಯೂಟರ್ ಅಪಾಯದಲ್ಲಿದೆ" ಎನ್ನುವ ಹಿತೈಷಿಯೊಬ್ಬ ಬಂದ. ಚೆನ್ನಾಗಿದ್ದ ಸ್ಪೀಕರ್ ಮೌನವ್ರತ ಹಿಡಿಯಿತು.

ಈ ಡ್ರೈವರ್‌ಗಳಲ್ಲಿ ಬಹಳಷ್ಟು ಮಂದಿ ಕೂರುವುದು ಹೊರಗಿನ ಕಟ್ಟೆಯ ಮೇಲಲ್ಲ, ವಿಂಡೋಸಿನ ಗರ್ಭಗುಡಿಯಲ್ಲಿ. ಅದರ ಹೆಸರು ಕರ್ನಲ್. 2024ರ ಜುಲೈ 19ರಂದು ಅಲ್ಲಿ ಕೂತಿದ್ದ ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪನಿಯ ಡ್ರೈವರ್‌ಗೆ ಒಂದು ತಪ್ಪು ಫೈಲ್ ಉಣಿಸಿದ್ದಕ್ಕೆ ಸುಮಾರು 85 ಲಕ್ಷ ವಿಂಡೋಸ್ ಯಂತ್ರಗಳು ನೀಲಿ ಪರದೆ ಹೊದ್ದು ಮಲಗಿದವು. ಹೈದರಾಬಾದ್ ವಿಮಾನ ನಿಲ್ದಾಣದಲ್ಲಿ ಬೋರ್ಡಿಂಗ್ ಪಾಸನ್ನು ಪೆನ್ನಿನಲ್ಲಿ ಬರೆದುಕೊಟ್ಟರು. ಅದಾದರೂ ಹೆಸರುವಾಸಿ ಕಂಪನಿಯದು. ನಮ್ಮದು ಗೆಳೆಯನ ಗೆಳೆಯನದು.

ಬೇರೆ ದಾರಿ ಇತ್ತು. ಮೊಬೈಲ್‌ಗೆ ಕೇಬಲ್ ಸಿಕ್ಕಿಸಿ ಯುಎಸ್‌ಬಿ ಟೆದರಿಂಗ್ ಒತ್ತಿದರೆ ವೈಫೈ ಡ್ರೈವರ್ ಇಲ್ಲದೆಯೂ ಸಾಮಾನ್ಯವಾಗಿ ನೆಟ್ ಬರುತ್ತದೆ. ಡಿವೈಸ್ ಮ್ಯಾನೇಜರ್‌ನಲ್ಲಿ ಹಳದಿ ಗುರುತಿನ ಸಾಲು ತೆರೆದು ಹಾರ್ಡ್‌ವೇರ್ ಐಡಿ ನೋಡಿದರೆ ಗೋತ್ರ ತಿಳಿಯುತ್ತದೆ. ತಯಾರಕರ ಸಂಖ್ಯೆ 8086 ಇದ್ದರೆ ಇಂಟೆಲ್ ಮನೆತನ. ಕಂಪನಿಯ ತಾಣದಿಂದ ಅದೊಂದನ್ನೇ ಇಳಿಸಬಹುದು. ಹುಡುಗನ ಪೆನ್‌ಡ್ರೈವ್‌ನಲ್ಲಿದ್ದಂಥ ಆಫ್‌ಲೈನ್ ಪ್ಯಾಕೇ ಬೇಕೆಂದರೆ ಅದನ್ನು ಮಾಡಿದವರ ತಾಣದಿಂದಲೇ ತಂದು, ಫೈಲುಗಳ ನಕಲು ತೆಗೆದಿಟ್ಟು, ರಿಸ್ಟೋರ್ ಪಾಯಿಂಟ್ ಮಾಡಿ, ಬೇಕಾದದ್ದಕ್ಕಷ್ಟೇ ಟಿಕ್ ಹಾಕಬಹುದು. ಇದಕ್ಕೆಲ್ಲ ಅರ್ಧ ಗಂಟೆ ಬೇಕು. ತುಂಗಭದ್ರಾ ಎಡದಂಡೆ ಕಾಲುವೆಯ ಕೊನೆಭಾಗಕ್ಕೆ ನೀರು ಬರುತ್ತದೋ ಇಲ್ಲವೋ ಎಂದು ಚಹಾದಂಗಡಿಯಲ್ಲಿ ಎರಡು ಗಂಟೆ ಕೂರುವ ನಮಗೆ ಅಷ್ಟು ಪುರುಸೊತ್ತು ಎಲ್ಲಿಯದು?

ವಾರದ ಮೇಲೆ ಅದೇ ಹುಡುಗ ಬಂದ. "ಇದು ಹಿಂಗ ಆಗಂಗಿಲ್ರಿ, ಫಾರ್ಮ್ಯಾಟ್ ಹೊಡೀಬೇಕು" ಎಂದ. ಹೊಡೆದ. ಮತ್ತೆ ನೆಟ್ ಇಲ್ಲ. ಹುಡುಗ ಜೇಬಿಗೆ ಕೈ ಹಾಕಿದ. ನಾನು ಸುಮ್ಮನೆ ನೋಡುತ್ತ ನಿಂತೆ. ಹುಚ್ಚು ಬಿಟ್ಟಿರಲಿಲ್ಲ, ಮದುವೆ ಮಾತ್ರ ಎರಡನೇ ಸಲ ನಡೆಯಿತು.